ಅನಿಮೇಷನ್ ಟಿವಿ ಸರಣಿಗಳಲ್ಲಿ ಎಡಿಟರ್ ಕೆಲಸ: ಏನು ಕಲಿಯಬೇಕು, ಎಲ್ಲಿ ಎಡವುತ್ತಾರೆ?

ಕತ್ತರಿಕೈ
ಧಾರಾವಾಹಿ, ಜಾಹೀರಾತು ಎಡಿಟ್ ಮಾಡಿ ಕೈ ಪಳಗಿದವರು ಅನಿಮೇಷನ್ ಸರಣಿಗೆ ಬರಬೇಕು ಅಂದರೆ ಹೊಸದಾಗಿ ಏನು ಕಲಿಯಬೇಕು? ಸಾಫ್ಟ್‌ವೇರ್ ಹೆಸರು ಬೇಡ, ಅದು ಎಲ್ಲಿ ಬೇಕಾದರೂ ಸಿಗುತ್ತೆ. ಒಂದು ಎಪಿಸೋಡಿನಲ್ಲಿ ಎಡಿಟರ್ ಯಾವಾಗ ಕೂರುತ್ತಾರೆ, ಏನು ಕೆಡುತ್ತೆ, ಸಹಾಯಕ ಹುದ್ದೆಯಿಂದ ಮೇಲಕ್ಕೆ ಹೋಗುವ ದಾರಿ ಯಾವುದು, ಇಷ್ಟು ಬಲ್ಲವರು ಬರೆಯಿರಿ. ಇನ್ನೊಂದು ಅನುಮಾನ: ಎಲ್ಲವೂ ಸ್ಟೋರಿಬೋರ್ಡಿನಲ್ಲೇ (ಶಾಟ್ ಶಾಟ್ ಆಗಿ ಬಿಡಿಸಿದ ಕಥೆಯ ಚಿತ್ರಗಳಲ್ಲೇ) ತೀರ್ಮಾನ ಆಗಿರುವಾಗ ಎಡಿಟರ್‌ಗೆ ಉಳಿಯೋದೇನು?

ಅನಿಮ್ಯಾಟಿಕ್ ಅಡ್ಡಾ
ಕೊನೆಯ ಅನುಮಾನದಿಂದಲೇ ಶುರು ಮಾಡೋಣ. ಲೈವ್ ಆ್ಯಕ್ಷನ್‌ನಲ್ಲಿ ಶೂಟಿಂಗ್ ಮುಗಿದ ಮೇಲೆ ಎಡಿಟ್. ಇಲ್ಲಿ ಎಡಿಟ್ ಮುಗಿದ ಮೇಲೆ ಶೂಟಿಂಗ್. ಪ್ರತಿ ಸೆಕೆಂಡನ್ನೂ ಯಾರೋ ಬಿಡಿಸಬೇಕು ಅಥವಾ ರಿಗ್ (ಕಂಪ್ಯೂಟರಿನ ಕೀಲುಗೊಂಬೆ) ಹಿಡಿದು ಆಡಿಸಬೇಕು. ಹೆಚ್ಚಿಗೆ ತೆಗೆದಿಟ್ಟುಕೊಂಡು ಆಮೇಲೆ ಆರಿಸೋಣ ಅನ್ನುವ ಮಾತೇ ಇಲ್ಲ. ಹಾಗಾಗಿ ಕಥೆಯ ಓಟ, ನಗು ಎಲ್ಲಿ ಬೀಳಬೇಕು, ಮೌನ ಎಷ್ಟು ಹೊತ್ತು, ಇವೆಲ್ಲ ಅನಿಮ್ಯಾಟಿಕ್ (ಬೋರ್ಡ್ ಚಿತ್ರಗಳನ್ನು ಮಾತಿನ ಜೊತೆ ಜೋಡಿಸಿದ ಕಚ್ಚಾ ವಿಡಿಯೋ) ಹಂತದಲ್ಲೇ ತೀರ್ಮಾನ ಆಗುತ್ತೆ. ಬಣ್ಣ ತುಂಬಿದ ಚಿತ್ರ ವಾಪಸ್ ಬಂದ ಮೇಲೆ ಕಥೆ ರಿಪೇರಿ ಮಾಡುತ್ತೇನೆ ಅಂದರೆ ಕೋಟೆ ಕೊಳ್ಳೆ ಹೋದ ಮೇಲೆ ದಿಡ್ಡಿ ಬಾಗಿಲು ಹಾಕಿದ ಹಾಗೆ.

ಸಾಮಾನ್ಯ ಕ್ರಮ ಹೀಗೆ: ಸ್ಕ್ರಿಪ್ಟ್, ಧ್ವನಿಮುದ್ರಣ, ಬರೀ ಡೈಲಾಗ್ ಜೋಡಿಸಿದ ಅಸೆಂಬ್ಲಿ (ರೇಡಿಯೋ ಪ್ಲೇ ಅಂತಲೂ ಕರೆಯುತ್ತಾರೆ), ಅದರ ಮೇಲೆ ಬೋರ್ಡ್ ಪ್ಯಾನೆಲ್‌ಗಳನ್ನು ಕೂರಿಸಿದ ಅನಿಮ್ಯಾಟಿಕ್. ಅದು ಲಾಕ್ ಆದ ಮೇಲೆ (ಇನ್ನು ಬದಲಿಲ್ಲ ಅಂತ ತೀರ್ಮಾನ ಆದ ಮೇಲೆ) ಅನಿಮೇಷನ್ ಸ್ಟುಡಿಯೋಗೆ ರವಾನೆ. ಬಿಡಿಸಿದ ಸೀನ್‌ಗಳು ವಾಪಸ್ ಬಂದ ಹಾಗೆ ರೀಟೇಕ್ (ತಪ್ಪಿದ್ದನ್ನು ಮತ್ತೆ ಮಾಡಿಸುವುದು), ಪಿಕ್ಚರ್ ಲಾಕ್, ಸೌಂಡ್ ಮಿಕ್ಸ್, ಡೆಲಿವರಿ. ಅರ್ಧ ಗಂಟೆ ಸ್ಲಾಟಿನ ಒಂದು ಎಪಿಸೋಡಿಗೆ ಮೊದಲಿಂದ ಕೊನೆವರೆಗೆ ಎಂಟು ತಿಂಗಳಿಂದ ಒಂದು ವರ್ಷ ಹಿಡಿಯುವುದು ಮಾಮೂಲು. ಹಾಗಾಗಿ ಒಬ್ಬ ಎಡಿಟರ್ ಮೇಜಿನ ಮೇಲೆ ಒಂದೇ ಹೊತ್ತಿಗೆ ನಾಲ್ಕೈದು ಎಪಿಸೋಡ್, ಒಂದೊಂದೂ ಒಂದೊಂದು ಹಂತದಲ್ಲಿ ಇರುತ್ತೆ. ಧಾರಾವಾಹಿಯಿಂದ ಬಂದವರಿಗೆ ಮೊದಲು ತಲೆ ಕೆಡುವುದು ಇಲ್ಲೇ.

ಲೆಕ್ಕ ಬಾಯಿಪಾಠ ಇರಲಿ: 24 ಫ್ರೇಮಿನ ವೇಗದಲ್ಲಿ 22 ನಿಮಿಷಕ್ಕೆ 31,680 ಫ್ರೇಮ್, 11 ನಿಮಿಷಕ್ಕೆ 15,840. ಅಂದಹಾಗೆ ಇಲ್ಲಿ ‘ಸೀನ್’ ಅಂದರೆ ಒಂದೇ ಶಾಟ್. 22 ನಿಮಿಷದಲ್ಲಿ ಅಂಥವು 250ರಿಂದ 400 ಇರುತ್ತವೆ.

ಫ್ರೇಮ್ 24
ಮೇಲಿನದಕ್ಕೆ ಸೇರಿಸುತ್ತೇನೆ. ಎಲ್ಲರೂ ಅನಿಮ್ಯಾಟಿಕ್ ಬಗ್ಗೆ ಮಾತಾಡುತ್ತಾರೆ, ಅದರ ಹಿಂದಿನ ಡೈಲಾಗ್ ಅಸೆಂಬ್ಲಿ ಬಗ್ಗೆ ಯಾರೂ ಹೇಳುವುದಿಲ್ಲ. ಸಹಾಯಕರಿಗೆ ಮೊದಲು ಸಿಗುವ ನಿಜವಾದ ಎಡಿಟಿಂಗ್ ಕೆಲಸ ಅದೇ.

ನಟರು ಬಹುಪಾಲು ಬೇರೆ ಬೇರೆ ದಿನ, ಒಬ್ಬೊಬ್ಬರೇ ಬಂದು ಹೇಳಿ ಹೋಗಿರುತ್ತಾರೆ. ಫೈಲ್‌ಗಳು 48 ಕಿಲೋಹರ್ಟ್ಸ್, 24 ಬಿಟ್. ಸ್ಕ್ರಿಪ್ಟಿನ ಪ್ರತಿ ಸಾಲಿಗೂ ನಂಬರ್ ಇರುತ್ತೆ, ಅದೇ ನಂಬರ್ ಕ್ಲಿಪ್ ಹೆಸರಿನಲ್ಲೂ ಇರಬೇಕು. ನಿರ್ದೇಶಕರು ಆರಿಸಿ ಸುತ್ತು ಹಾಕಿದ ಟೇಕ್ ಮೇಲಿನ ಟ್ರ್ಯಾಕಿನಲ್ಲಿ, ಎರಡನೇ ಆಯ್ಕೆ ಕೆಳಗೆ ಮ್ಯೂಟ್ ಮಾಡಿ. ಇದನ್ನು ಮಾಡದೆ ಬಿಟ್ಟರೆ ‘ಆ ಇನ್ನೊಂದು ಟೇಕ್ ಕೇಳಿಸಿ’ ಅಂದಾಗ ಇಡೀ ಕೋಣೆ ನಿಮ್ಮ ಮುಖ ನೋಡುತ್ತಾ ಕೂರುತ್ತೆ.

ಮೊದಲ ಸುತ್ತಿನಲ್ಲಿ ಸಾಲಿಗೂ ಸಾಲಿಗೂ ನಡುವೆ 8–10 ಫ್ರೇಮ್ ಬಿಡಿ. ಜಗಳ, ತಮಾಷೆ ಇದ್ದಲ್ಲಿ ಒಂದರ ಬಾಲದ ಮೇಲೆ ಇನ್ನೊಂದು ಹತ್ತಲಿ. ಎರಡು ಟೇಕ್ ಸೇರಿಸಿ ಒಂದು ವಾಕ್ಯ ಮಾಡುವಾಗ ಸ್ವರದ ನಡುವೆ ಕತ್ತರಿಸಬೇಡಿ, ಪ, ಕ, ತ ಥರದ ಅಕ್ಷರದ ಮುಂಚಿನ ಚಿಕ್ಕ ನಿಶ್ಶಬ್ದದಲ್ಲಿ ಕತ್ತರಿಸಿದರೆ ಜೋಡಣೆ ಕೇಳುವುದಿಲ್ಲ. ಉಸಿರೆಳೆಯುವ ಶಬ್ದವನ್ನೆಲ್ಲ ತೊಳೆದು ಹಾಕುವ ಚಟ ಬಿಡಿ. ಪಾತ್ರ ಎದೆ ಉಬ್ಬಿಸಿ ಮಾತು ಶುರು ಮಾಡುವ ಭಂಗಿಗೆ ಅನಿಮೇಟರ್ ಆ ಉಸಿರನ್ನೇ ಹಿಡಿದುಕೊಳ್ಳುತ್ತಾರೆ.

ಕೆಡುವುದು ಎಲ್ಲಿ ಅಂದರೆ ದನಿಯ ಎತ್ತರದಲ್ಲಿ. ಒಬ್ಬ ಮೈದಾನದ ಆಚೆಯಿಂದ ಕೂಗುತ್ತಿದ್ದಾನೆ, ಇನ್ನೊಬ್ಬ ಪಕ್ಕದಲ್ಲೇ ಕೂತು ಉತ್ತರ ಕೊಟ್ಟ ಹಾಗಿದೆ, ಯಾಕೆಂದರೆ ಇಬ್ಬರೂ ಪರಸ್ಪರ ಕೇಳಿಸಿಕೊಂಡೇ ಇಲ್ಲ. ಅದನ್ನು ಅಸೆಂಬ್ಲಿಯಲ್ಲೇ ಹಿಡಿದು ಪಿಕಪ್ (ಮತ್ತೆ ಹೇಳಿಸಬೇಕಾದ ಸಾಲು) ಪಟ್ಟಿಗೆ ಹಾಕಿ. ಲಾಕ್ ಆದ ಮೇಲೆ ಡೈಲಾಗ್ ಟ್ರ್ಯಾಕನ್ನು ಫ್ರೇಮ್ ಲೆಕ್ಕದಲ್ಲಿ ಉಚ್ಚಾರಣೆ ಒಡೆದು ಎಕ್ಸ್‌ಪೋಷರ್ ಶೀಟಿಗೆ (ಯಾವ ಫ್ರೇಮಿಗೆ ಯಾವ ಚಿತ್ರ ಅನ್ನುವ ಪಟ್ಟಿ) ಬರೆಯುತ್ತಾರೆ, ತುಟಿ ಚಲನೆ ಅದರ ಮೇಲೇ ನಿಲ್ಲುತ್ತೆ. ಆಮೇಲೆ ಸಾಲು ಬದಲಾದರೆ ಬಾಯಿಗಳನ್ನೆಲ್ಲ ಮತ್ತೆ ಹಾಕಿಸಬೇಕು.

ಕತ್ತರಿಕೈ
ಇಬ್ಬರಿಗೂ ವಂದನೆ. ಅನಿಮ್ಯಾಟಿಕ್‌ನಲ್ಲಿ ಪ್ಯಾನೆಲ್‌ಗೆ ಎಷ್ಟು ಹೊತ್ತು ಕೊಡಬೇಕು ಅಂತ ಹೇಗೆ ಗೊತ್ತಾಗುತ್ತೆ? ನಿಂತ ಚಿತ್ರ ನೋಡಿ ಚಲನೆಯ ಉದ್ದ ಊಹಿಸೋದು ಹೇಗೆ?

ಅನಿಮ್ಯಾಟಿಕ್ ಅಡ್ಡಾ
ಹೊಸಬರು ಹೆಚ್ಚಾಗಿ ತಪ್ಪುವುದು ಇಲ್ಲಿ. ನಿಂತ ಚಿತ್ರವನ್ನು ಕಣ್ಣು ಬೇಗ ಓದಿ ಮುಗಿಸುತ್ತೆ. ಬೇಸರ ಬಂದು ಎಡಿಟರ್ ಬಿಗಿಯಾಗಿ ಕತ್ತರಿಸುತ್ತಾರೆ. ಆಮೇಲೆ ಚಲನೆಗೆ ಜಾಗವೇ ಇರುವುದಿಲ್ಲ.

ಒಂದು ಉದಾಹರಣೆ ತೆಗೆದುಕೊಳ್ಳಿ. ಮೂರು ಪ್ಯಾನೆಲ್: ಕುರ್ಚಿಯಲ್ಲಿ ಕೂತಿದ್ದಾಳೆ, ಎದ್ದು ನಿಂತಿದ್ದಾಳೆ, ಬಾಗಿಲ ಕಡೆ ತಿರುಗಿದ್ದಾಳೆ. ಮೊದಲನೆಯದಕ್ಕೆ 10 ಫ್ರೇಮ್, ಎರಡನೆಯದಕ್ಕೆ 6, ಮೂರನೆಯದಕ್ಕೆ 12 ಕೊಟ್ಟು ಪ್ಲೇ ಮಾಡಿದರೆ ಚುರುಕಾಗಿ ಕಾಣುತ್ತೆ. ಆದರೆ ಮಾಮೂಲಿ ವೇಗದಲ್ಲಿ ಎದ್ದು ನಿಲ್ಲುವುದಕ್ಕೇ 14–18 ಫ್ರೇಮ್ ಬೇಕು, ಏಳುವ ಮುಂಚೆ ಮೈ ಮುಂದಕ್ಕೆ ವಾಲುವುದಕ್ಕೆ 4–6, ತಲೆ ತಿರುಗುವುದಕ್ಕೆ 6–8, ತಿರುಗಿದ ಮೇಲೆ ಮುಖಭಾವ ಓದಿಸುವುದಕ್ಕೆ ಕನಿಷ್ಠ 8. ಒಟ್ಟು 32ರಿಂದ 40. ನೀವು ಕೊಟ್ಟಿದ್ದು 28. ಆಗ ಅನಿಮೇಟರ್ ಒಂದೋ ಭಂಗಿಯಿಂದ ಭಂಗಿಗೆ ಜಿಗಿಸುತ್ತಾರೆ, ಇಲ್ಲವೇ ಮುಖಭಾವ ನುಂಗುತ್ತಾರೆ. ನಡಿಗೆಗೆ ಹೆಜ್ಜೆಗೆ 12 ಫ್ರೇಮ್, ಕಣ್ಣು ಮಿಟುಕಿಸುವುದಕ್ಕೆ 5–6 ಅಂತ ಹಿಡಿದುಕೊಳ್ಳಿ. ಅನುಮಾನ ಬಂದರೆ ಕುರ್ಚಿಯಿಂದ ಎದ್ದು ನೀವೇ ಅಭಿನಯಿಸಿ, ಸ್ಟಾಪ್‌ವಾಚ್ ಒತ್ತಿ. ನಾಚಿಕೆ ಪಡಬೇಡಿ, ಆ ಕೋಣೆಯಲ್ಲಿ ಎಲ್ಲರೂ ಮಾಡುತ್ತಾರೆ.

ಉಲ್ಟಾ ಸಮಸ್ಯೆಯೂ ಇದೆ. 22 ನಿಮಿಷದ ಎಪಿಸೋಡಿನ ಮೊದಲ ಅನಿಮ್ಯಾಟಿಕ್ 25 ನಿಮಿಷ ಬರುವುದು ಸಾಮಾನ್ಯ. ಸೀನ್ ತೆಗೆಯುವ ಮುಂಚೆ ಗಾಳಿ ತೆಗೆಯಿರಿ. 350 ಸಾಲು ಡೈಲಾಗ್ ಇದ್ದು ಪ್ರತಿಯೊಂದರ ಮುಂದಿನ ಖಾಲಿಯಿಂದ 4 ಫ್ರೇಮ್ ಕಿತ್ತರೆ 1,400 ಫ್ರೇಮ್, ಅಂದರೆ ಸುಮಾರು 58 ಸೆಕೆಂಡ್ ಹೋಯಿತು. ಕಥೆಗೆ ಗಾಯ ಇಲ್ಲ. ಉಳಿದ ಎರಡು ನಿಮಿಷಕ್ಕೆ ಮಾತ್ರ ಬರಹಗಾರರ ಜೊತೆ ಕೂತು ಜಗಳ.

ಟೈಮ್‌ಕೋಡ್ ತಾತ
ಫ್ರೇಮ್ ವೇಗದ ಬಗ್ಗೆ ಯಾರೂ ಎತ್ತಿಲ್ಲ, ಹೇಳಿಬಿಡುತ್ತೇನೆ. ಬೋರ್ಡಿನವರು 24, ಎಡಿಟ್‌ನವರು 23.976, ಸೌಂಡ್‌ನವರು ತಮಗೆ ತೋಚಿದ್ದು, ಹೀಗೆ ಶುರುವಾದ ಸರಣಿ ಕೊನೆವರೆಗೂ ನರಳುತ್ತೆ. 31,680 ಫ್ರೇಮನ್ನು 23.976ರಲ್ಲಿ ಓಡಿಸಿದರೆ 1,320ರ ಬದಲು 1,321.32 ಸೆಕೆಂಡ್ ಆಗುತ್ತೆ. ಆಡಿಯೋ ಹಾಗೇ ಉಳಿದರೆ ಕೊನೆಗೆ ಬರುವ ಹೊತ್ತಿಗೆ ಮಾತು ಚಿತ್ರಕ್ಕಿಂತ ಸುಮಾರು 32 ಫ್ರೇಮ್ ಮುಂದಿರುತ್ತೆ. ಅದನ್ನೇ 25ರಲ್ಲಿ ಓಡಿಸಿದರೆ 21 ನಿಮಿಷ 7 ಸೆಕೆಂಡಿಗೇ ಮುಗಿಯುತ್ತೆ, ಪಿಚ್ ಸರಿಪಡಿಸದಿದ್ದರೆ ಪಾತ್ರಗಳ ಗಂಟಲೂ ಸಣ್ಣದಾಗುತ್ತೆ.

ರೋಗ ಪತ್ತೆ ಸುಲಭ. ಎಲ್ಲ ಕಡೆ ಒಂದೇ ಅಂತರದಲ್ಲಿ ತಪ್ಪಿದ್ದರೆ ಶುರುವಿನ ಜಾಗ ತಪ್ಪಿದೆ. ಹೋಗುತ್ತಾ ಹೋಗುತ್ತಾ ಅಂತರ ಬೆಳೆದರೆ ವೇಗ ತಪ್ಪಿದೆ. ಅಲ್ಲಲ್ಲಿ ಒಂದೊಂದು ಫ್ರೇಮ್ ಮಾತ್ರ ಹೆಚ್ಚುಕಮ್ಮಿ ಆದರೆ ಬೋರ್ಡ್ ಸಾಫ್ಟ್‌ವೇರಿನಿಂದ ತರುವಾಗ ಪ್ಯಾನೆಲ್ ಉದ್ದಗಳು ಹತ್ತಿರದ ಪೂರ್ಣಾಂಕಕ್ಕೆ ಸರಿದಿವೆ.

ಬೋರ್ಡ್ ಸಾಫ್ಟ್‌ವೇರ್ ಸ್ಟೋರಿಬೋರ್ಡ್ ಪ್ರೋದಿಂದ ತರುವಾಗ ಎಡಿಟ್ ಸಾಫ್ಟ್‌ವೇರ್ ಆವಿಡ್ ಆದರೆ ಎಎಎಫ್ ಫೈಲ್, ಪ್ರೀಮಿಯರ್ ಆದರೆ ಎಕ್ಸ್‌ಎಂಎಲ್ ಫೈಲ್. ಬೋರ್ಡಿನಲ್ಲಿ ಹಾಕಿದ ಕ್ಯಾಮೆರಾ ಚಲನೆಯನ್ನು ವಿಡಿಯೋ ಕ್ಲಿಪ್‌ಗೇ ಬೇಯಿಸಿ ತರಿಸಿಕೊಳ್ಳಿ. ಎಡಿಟ್ ಆದ ಮೇಲೆ ಹೊಸ ಟೈಮಿಂಗನ್ನು ವಾಪಸ್ ಬೋರ್ಡ್ ಫೈಲಿಗೆ ಕಳಿಸಿ, ಇಲ್ಲದಿದ್ದರೆ ಅವರು ಹಳೇ ಉದ್ದದ ಮೇಲೇ ತಿದ್ದುತ್ತಾ ಇರುತ್ತಾರೆ.

ಸೀನ್ ನಂಬರ್ 10ರ ಅಂತರದಲ್ಲಿ ಇರಲಿ. 120 ಮತ್ತು 130ರ ನಡುವೆ ಹೊಸದು ಬಂದರೆ 125. ತೆಗೆದು ಹಾಕಿದ ನಂಬರನ್ನು ಇನ್ಯಾವುದಕ್ಕೂ ಕೊಡಬೇಡಿ, ಪಟ್ಟಿಯಲ್ಲಿ ‘ಓಮಿಟ್’ ಅಂತ ಉಳಿಯಲಿ. ಲಾಕ್ ಆದ ಮೇಲೆ ಚೆಂದ ಕಾಣಲಿ ಅಂತ ನಂಬರ್ ಮರುಜೋಡಿಸುವವರಿಗೆ ನಮಸ್ಕಾರ.

ಕತ್ತರಿಕೈ
ಹಾಗಾದರೆ ಬಣ್ಣದ ಸೀನ್ ಬಂದ ಮೇಲೆ ಹಳೇ ಪ್ಯಾನೆಲ್ ತೆಗೆದು ಹೊಸ ಕ್ಲಿಪ್ ಹಾಕುವುದಷ್ಟೇ ಕೆಲಸವಾ?

ರೀಟೇಕ್ ರಾಣಿ
ಅಷ್ಟೇ ಆಗಿದ್ದರೆ ಎಷ್ಟು ಚೆನ್ನಾಗಿತ್ತು! ಹಾಕುವಾಗ ಯಾವಾಗಲೂ ಓವರ್‌ರೈಟ್, ಇನ್ಸರ್ಟ್ ಅಲ್ಲ. ಆವಿಡ್‌ನ ಮಾಮೂಲಿ ಕೀಲಿಗಳಲ್ಲಿ ‘ಬಿ’ ಓವರ್‌ರೈಟ್, ‘ವಿ’ ಸ್ಪ್ಲೈಸ್ (ಇನ್ಸರ್ಟ್ ಅಂದರೂ ಅದೇ). ಎರಡೂ ಅಕ್ಕಪಕ್ಕ ಇರುವುದೇ ಅರ್ಧ ಅನಾಹುತಕ್ಕೆ ಕಾರಣ. ತಪ್ಪಿ ‘ವಿ’ ಒತ್ತಿದರೆ ಮುಂದಿನದೆಲ್ಲ ಸರಿದುಹೋಗುತ್ತೆ. ಅನಿಮ್ಯಾಟಿಕ್ ಟ್ರ್ಯಾಕನ್ನು ಕೆಳಗೆ ಲಾಕ್ ಮಾಡಿಟ್ಟು ಬಣ್ಣದ್ದನ್ನು ಮೇಲಿನ ಟ್ರ್ಯಾಕಿಗೆ ಹಾಕಿ, ಎರಡನ್ನೂ ಹೋಲಿಸಲು ಸಿಗುತ್ತೆ.

ಬಂದ ಸೀನಿನ ಮೊದಲ ಫ್ರೇಮ್, ಕೊನೆಯ ಫ್ರೇಮ್ ಕಡ್ಡಾಯವಾಗಿ ನೋಡಿ. ಒಂದು ಫ್ರೇಮ್ ಕಮ್ಮಿ ಬಂದರೆ ಬಹುಪಾಲು ಅವರು ಸೊನ್ನೆಯಿಂದ ಎಣಿಸಿದ್ದಾರೆ, ನೀವು ಒಂದರಿಂದ. ಡಿಸಾಲ್ವ್ (ಒಂದು ಚಿತ್ರ ಕರಗಿ ಇನ್ನೊಂದು ಮೂಡುವುದು) ಇದ್ದಲ್ಲಿ ಕಮ್ಮಿ ಬಂದರೆ ತಪ್ಪು ಕಳಿಸಿದವರದ್ದು: ಕಟ್ ಮೇಲೆ ನಡುವಾಗಿ ಕೂರುವ 16 ಫ್ರೇಮ್ ಡಿಸಾಲ್ವ್‌ಗೆ ಎರಡೂ ಸೀನಿಗೆ 8 ಫ್ರೇಮ್ ಹೆಚ್ಚು ಬೇಕು ಅಂತ ರವಾನೆ ಪಟ್ಟಿಯಲ್ಲೇ ಬರೆದಿರಬೇಕು.

ಈಗ ಕೈಚಳಕದ ವಿಷಯ. ಟಿವಿ ಅನಿಮೇಷನ್ ಬಹಳಷ್ಟು ‘ಟೂಸ್’ ಮೇಲೆ ಇರುತ್ತೆ, ಒಂದು ಚಿತ್ರ ಎರಡು ಫ್ರೇಮ್. 48 ಫ್ರೇಮಿನ ಸೀನು 40ಕ್ಕೆ ಇಳಿಯಬೇಕು ಅಂದುಕೊಳ್ಳಿ. ಲೈವ್ ಆ್ಯಕ್ಷನ್‌ನವರು ಸ್ಪೀಡ್ ಶೇ 120 ಅಂತ ಹೊಡೆಯುತ್ತಾರೆ. ಆಗ ಚಿತ್ರಗಳು 2, 2, 1, 2, 2, 1 ಫ್ರೇಮಿನ ಲಯಕ್ಕೆ ಬೀಳುತ್ತವೆ, ಚಲನೆ ಕುಂಟುತ್ತೆ. ಸರಿಯಾದ ದಾರಿ: ಫ್ರೇಮ್ ಫ್ರೇಮ್ ಹೋಗಿ ನಾಲ್ಕು ಪೂರ್ತಿ ಚಿತ್ರ, ಅಂದರೆ 8 ಫ್ರೇಮ್ ಕೀಳಿ. ಮೊದಲು ಹೋಲ್ಡ್‌ಗಳಲ್ಲಿ (ಚಿತ್ರ ಅಲುಗದೆ ನಿಂತಿರುವ ಕಡೆ), ಸಾಲದಿದ್ದರೆ ವೇಗದ ಚಲನೆಯ ನಡುವೆ. ನಿಧಾನವಾಗಿ ನಿಲ್ಲುತ್ತಿರುವ ಚಲನೆಯ ತುದಿಯಲ್ಲಿ ಕೀಳಬೇಡಿ, ಅಲ್ಲಿ ಒಂದು ಚಿತ್ರ ಹೋದರೂ ಕಣ್ಣಿಗೆ ಚುಚ್ಚುತ್ತೆ. ಹಿನ್ನೆಲೆ ಪ್ಯಾನ್ ಆಗುತ್ತಿದ್ದರೆ ಈ ಉಪಾಯ ಬಿಟ್ಟುಬಿಡಿ. ಪಾತ್ರ ಟೂಸ್ ಮೇಲಿದ್ದರೂ ಪ್ಯಾನ್ ‘ವನ್ಸ್’ ಮೇಲಿರುತ್ತೆ (ಪ್ರತಿ ಫ್ರೇಮೂ ಬೇರೆ), ಹಿನ್ನೆಲೆ ಜಿಗಿಯುತ್ತೆ. ಕಾಂಪೊಸಿಟಿಂಗ್‌ನವರಿಗೆ (ಪಾತ್ರ, ಹಿನ್ನೆಲೆ ಪದರಗಳನ್ನು ಒಂದುಗೂಡಿಸುವವರು) ಹೊಸ ಟೈಮಿಂಗ್ ಕೊಟ್ಟು ಮತ್ತೆ ರೆಂಡರ್ ಕೇಳಿ.

ಇಬ್ಬರಿರುವ ಶಾಟಿನಲ್ಲಿ ಒಬ್ಬಳ ಪ್ರತಿಕ್ರಿಯೆ ತಡವಾಗಿದ್ದರೆ ನಡುವೆ ಮ್ಯಾಟ್ (ಚಿತ್ರವನ್ನು ಎರಡು ಭಾಗ ಮಾಡುವ ಗೆರೆ) ಎಳೆದು ಅವಳ ಅರ್ಧವನ್ನು ಮಾತ್ರ 10 ಫ್ರೇಮ್ ಮುಂಚೆಗೆ ಸರಿಸಿ. ಕ್ಯಾಮೆರಾ ಅಲ್ಲಾಡಬಾರದು, ನೆರಳೋ ಕೈಯೋ ಆ ಗೆರೆ ದಾಟಬಾರದು, ಹಿಂದೆ ನೀರು, ಎಲೆ ಅಲ್ಲಾಡುತ್ತಿದ್ದರೆ ಗೆರೆ ಬಯಲಾಗುತ್ತೆ. ದೊಡ್ಡದು ಮಾಡುವುದು ಶೇ 110–115ರವರೆಗೆ ಪರವಾಗಿಲ್ಲ, ಅದರ ಮೇಲೆ ರೇಖೆಗಳು ಮಂಕಾಗುತ್ತವೆ. ವೆಕ್ಟರ್‌ನಲ್ಲಿ ಬಿಡಿಸಿದ್ದಾದರೆ ಹತ್ತಿರದ ಫ್ರೇಮಿಂಗಿಗೆ ಮತ್ತೆ ರೆಂಡರ್ ಕೇಳುವುದೇ ಲೇಸು. ಕನ್ನಡಿಯ ಹಾಗೆ ತಿರುಗಿಸಿದರೆ ಬೋರ್ಡ್ ಬರಹ, ಕೂದಲ ಬೈತಲೆ, ಒಂದೇ ಕೈಯಲ್ಲಿರುವ ವಾಚ್ ಸಿಕ್ಕಿಹಾಕಿಸುತ್ತವೆ.

ರೀಟೇಕ್ ಪಟ್ಟಿಯಲ್ಲಿ ಸೀನ್ ನಂಬರ್, ಎಷ್ಟನೇ ಫ್ರೇಮಿನಿಂದ ಎಷ್ಟಕ್ಕೆ, ಏನು ತಪ್ಪು, ತಾಂತ್ರಿಕವೋ ಸೃಜನಾತ್ಮಕವೋ, ಎಷ್ಟನೇ ಸುತ್ತು ಇಷ್ಟು ಇರಲೇಬೇಕು. ಆ ನಾಲ್ಕನೆಯದರ ಮೇಲೇ ಖರ್ಚು ಯಾರ ತಲೆಗೆ ಅನ್ನುವುದು ನಿಂತಿದೆ: ಬಣ್ಣ ಬಿಟ್ಟುಹೋಗಿದ್ದು, ಲೇಯರ್ ಹಿಂದುಮುಂದಾಗಿದ್ದು ಸ್ಟುಡಿಯೋ ತಪ್ಪು, ‘ಇನ್ನೂ ದುಃಖ ಬೇಕು’ ಅನ್ನುವುದು ನಮ್ಮ ಬದಲಾವಣೆ. ‘ಸಿಬಿಬಿ’ (ಕುಡ್ ಬಿ ಬೆಟರ್) ಅಂತ ಗುರುತು ಹಾಕಿದ್ದು ಸಮಯ ಉಳಿದರೆ ಮಾತ್ರ ತಿದ್ದಿಸುವಂಥದ್ದು. ‘ಚೆನ್ನಾಗಿಲ್ಲ’ ಅಂತ ಬರೆದು ಕಳಿಸಿದರೆ ವಾಪಸ್ ಬರುವುದೂ ಚೆನ್ನಾಗಿರುವುದಿಲ್ಲ. ‘12ರಿಂದ 20ನೇ ಫ್ರೇಮ್, ಎಡ ಹುಬ್ಬು ಕೂದಲ ಮೇಲೆ ಬಂದಿದೆ, ಕೆಳಗಿರಬೇಕು’ ಅಂತ ಬರೆಯಿರಿ.

ಮೌನಗೌರಿ
ಒಂದು ವಿಷಯದಲ್ಲಿ ಇಲ್ಲಿನ ಅಭಿಪ್ರಾಯ ಬೇಕು. ಅನಿಮ್ಯಾಟಿಕ್‌ಗೆ ತಾತ್ಕಾಲಿಕ ಸಂಗೀತ ಹಾಕಬಾರದು ಅನ್ನುವುದು ನನ್ನ ವಾದ. ಅಬ್ಬರದ ಸಂಗೀತ ಹಾಕಿದರೆ ಸತ್ತ ಸೀನೂ ಎದ್ದು ಕೂತ ಹಾಗೆ ಕಾಣುತ್ತೆ, ಒಪ್ಪಿಗೆ ಸಿಗುತ್ತೆ. ಆಮೇಲೆ ಸಂಗೀತ ನಿರ್ದೇಶಕರು ಅದೇ ಥರ ಮಾಡಿಕೊಡಬೇಕು ಅಂತ ಒತ್ತಡ.

ಅನಿಮ್ಯಾಟಿಕ್ ಅಡ್ಡಾ
ಗೌರಿಯವರೇ, ಅರ್ಧ ಒಪ್ಪುತ್ತೇನೆ. ಒಪ್ಪಿಗೆ ಕೊಡುವವರಲ್ಲಿ ಬರೀ ಪ್ಯಾನೆಲ್ ನೋಡಿ ಕಲ್ಪಿಸಿಕೊಳ್ಳಬಲ್ಲವರು ಕಮ್ಮಿ. ಅವರ ಮುಂದೆ ಒಣಗಿದ ಅನಿಮ್ಯಾಟಿಕ್ ಇಟ್ಟರೆ ಚೆನ್ನಾಗಿರುವ ಸೀನೇ ಕತ್ತರಿಗೆ ಹೋಗುತ್ತೆ. ಎಡಿಟ್ ಪೂರ್ತಿ ಸಂಗೀತ ಇಲ್ಲದೆ ಮಾಡಿ, ತೋರಿಸುವ ಹಿಂದಿನ ದಿನ ಹಾಕಿ. ಬೀಳುವುದು, ಬಡಿಯುವುದು, ಬಾಗಿಲು ಇಂಥ ಎಫೆಕ್ಟ್‌ಗಳನ್ನು ಮಾತ್ರ ಮೊದಲಿಂದಲೇ ಹಾಕಿ, ಟೈಮಿಂಗ್ ಅವುಗಳ ಮೇಲೆ ನಿಂತಿರುತ್ತೆ.

ಮೌನಗೌರಿ
ಎಫೆಕ್ಟ್ ವಿಷಯ ಸರಿ. ಸಂಗೀತದ ವಿಷಯದಲ್ಲಿ ನನ್ನ ಮಾತು ಹಿಂತೆಗೆದುಕೊಳ್ಳಲ್ಲ.

ಟೈಮ್‌ಕೋಡ್ ತಾತ
ಮಿಂಚು, ಸ್ಫೋಟ, ಲೇಸರ್ ಇರುವ ಸರಣಿಯವರು ಗಮನಿಸಿ. 1997ರ ಡಿಸೆಂಬರ್ 16ರಂದು ಜಪಾನಿನಲ್ಲಿ ಪೋಕೆಮಾನ್‌ನ ಒಂದು ಎಪಿಸೋಡಿನಲ್ಲಿ ಕೆಂಪು-ನೀಲಿ ಬೆಳಕು ಸೆಕೆಂಡಿಗೆ ಸುಮಾರು 12 ಸಲ ಮಿನುಗಿ, 600ಕ್ಕೂ ಹೆಚ್ಚು ಮಂದಿ ಆಸ್ಪತ್ರೆ ಸೇರಿದರು. ಈಗ ಪ್ರಸಾರದ ನಿಯಮಗಳು ಪರದೆಯ ದೊಡ್ಡ ಭಾಗದಲ್ಲಿ ಸೆಕೆಂಡಿಗೆ ಮೂರಕ್ಕಿಂತ ಹೆಚ್ಚು ಮಿನುಗು ಬಿಡುವುದಿಲ್ಲ, ಗಾಢ ಕೆಂಪಿಗೆ ಇನ್ನೂ ಬಿಗಿ. ಡೆಲಿವರಿ ಮುಂಚೆ ಹಾರ್ಡಿಂಗ್ ಪರೀಕ್ಷೆ (ಇಂಥ ಮಿನುಗು ಅಳೆಯುವ ಪರೀಕ್ಷೆ) ಕೇಳುತ್ತಾರೆ. ಅಲ್ಲಿ ಫೇಲ್ ಆದರೆ ಆಗ ತಿದ್ದುವುದು ಬಣ್ಣ ಮಂಕು ಮಾಡಿಯೇ, ನೋಡಲಾಗದು. ಅನಿಮ್ಯಾಟಿಕ್‌ನಲ್ಲೇ ಮಿಂಚಿನಿಂದ ಮಿಂಚಿಗೆ 8 ಫ್ರೇಮಿಗಿಂತ ಕಮ್ಮಿ ಬಾರದ ಹಾಗೆ ಇಡಿ, 10 ಇದ್ದರೆ ನಿಶ್ಚಿಂತೆ.

ಸಹಾಯಕ ಸಂಘ
ಮೇಲಕ್ಕೆ ಹೋಗುವ ದಾರಿ ಕೇಳಿದ್ದೀರಿ. ಸಾಮಾನ್ಯ ಮೆಟ್ಟಿಲು: ಪ್ರೊಡಕ್ಷನ್ ಅಸಿಸ್ಟೆಂಟ್, ಅಸಿಸ್ಟೆಂಟ್ ಎಡಿಟರ್, ಅನಿಮ್ಯಾಟಿಕ್ ಎಡಿಟರ್, ಎಡಿಟರ್, ಸೂಪರ್‌ವೈಸಿಂಗ್ ಎಡಿಟರ್. ಚಿಕ್ಕ ಸರಣಿಯಲ್ಲಿ ಇವೆಲ್ಲ ಒಬ್ಬರ ತಲೆ ಮೇಲೆ. ಕೆಲವರು ಅನಿಮ್ಯಾಟಿಕ್‌ನಿಂದ ಸೀದಾ ನಿರ್ದೇಶನಕ್ಕೆ ಹೋಗುತ್ತಾರೆ, ಅಲ್ಲಿ ನಿತ್ಯ ಮಾಡುವುದು ಅದೇ ಕೆಲಸ ತಾನೆ.

ಸಹಾಯಕರ ದಿನ: ಬೋರ್ಡ್ ತರುವುದು, ರೆಕಾರ್ಡಿಂಗ್ ವಿಂಗಡಿಸುವುದು, ನಟರ ದನಿ ಇನ್ನೂ ಬರದಿದ್ದರೆ ಕಚೇರಿಯವರ ದನಿಯಲ್ಲೇ ಸ್ಕ್ರ್ಯಾಚ್ (ತಾತ್ಕಾಲಿಕ ದನಿ) ಹಿಡಿಯುವುದು, ಬಂದ ಸೀನ್ ಕೂರಿಸುವುದು, ಸೀನ್ ನಂಬರ್, ಟೈಮ್‌ಕೋಡ್, ಫ್ರೇಮ್ ಎಣಿಕೆ, ಆವೃತ್ತಿ, ದಿನಾಂಕ ಚಿತ್ರದ ಮೇಲೇ ಬರ್ನ್ ಮಾಡಿ ಎಕ್ಸ್‌ಪೋರ್ಟ್ ಕೊಡುವುದು. ಇದನ್ನು ತಪ್ಪಿಲ್ಲದೆ ಮಾಡುವವರಿಗೆ ಒಳ್ಳೇ ಹೆಸರು ಬರುತ್ತೆ, ಬಡ್ತಿ ಬರುವುದಿಲ್ಲ. ಬಡ್ತಿ ಬರುವುದು ಕತ್ತರಿಸಿ ತೋರಿಸಿದವರಿಗೆ. ಒಂದು ದೃಶ್ಯಸರಣಿಯ ಡೈಲಾಗ್ ಅಸೆಂಬ್ಲಿ ನಾನು ಮಾಡುತ್ತೇನೆ ಅಂತ ಬಾಯಿಬಿಟ್ಟು ಕೇಳಿ, ‘ಹಿಂದಿನ ಸಂಚಿಕೆಯಲ್ಲಿ’ ತುಣುಕು, ಪ್ರೋಮೋ ಕೇಳಿ. ಎಡಿಟರ್ ಅದನ್ನು ಹೇಗೆ ಬದಲಾಯಿಸಿದರು ಅಂತ ಎರಡೂ ಆವೃತ್ತಿ ಪಕ್ಕ ಇಟ್ಟು ನೋಡಿ.

ದುಡ್ಡಿನ ಲೆಕ್ಕದಲ್ಲಿ ನೆನಪಿಡಬೇಕಾದ್ದು: ಕೆಲಸ ಸೀಸನ್ ಲೆಕ್ಕದ ಗುತ್ತಿಗೆ. ಕೊನೆಯ ಎಪಿಸೋಡ್ ಸ್ಟುಡಿಯೋಗೆ ರವಾನೆಯಾದ ಕೂಡಲೇ ಅನಿಮ್ಯಾಟಿಕ್ ಎಡಿಟರ್ ಕೆಲಸ ಮುಗಿಯುತ್ತೆ, ಬಣ್ಣದ ಹಂತದವರದ್ದು ತಿಂಗಳುಗಟ್ಟಲೆ ನಡೆಯುತ್ತೆ. ಎರಡೂ ಬಲ್ಲವರಿಗೆ ಖಾಲಿ ಕೂರುವ ಕಾಲ ಕಮ್ಮಿ.

ಕತ್ತರಿಕೈ
ರೀಲ್ ಏನು ತೋರಿಸಬೇಕು? ಕೈಯಲ್ಲಿ ಅನಿಮೇಷನ್ ಕೆಲಸವೇ ಇಲ್ಲದಿದ್ದರೆ?

ಫ್ರೇಮ್ 24
ಚಂದದ ಬಣ್ಣದ ತುಣುಕುಗಳ ಮಾಂಟಾಜ್ ಬೇಡ, ಅದರಲ್ಲಿ ಎಡಿಟರ್ ಏನು ಮಾಡಿದರು ಅಂತ ಕಾಣುವುದೇ ಇಲ್ಲ. ಒಂದು ನಿಮಿಷದ ಸಂಭಾಷಣೆ ದೃಶ್ಯ, ಒಂದು ನಿಮಿಷದ ಹೊಡೆದಾಟ ಅಥವಾ ಓಟ, ಎರಡೂ ಅನಿಮ್ಯಾಟಿಕ್ ರೂಪದಲ್ಲಿ ಸಾಕು. ಬೋರ್ಡ್ ಕಲಿಯುತ್ತಿರುವ ವಿದ್ಯಾರ್ಥಿಗಳ ಹತ್ತಿರ ಪ್ಯಾನೆಲ್ ಕೇಳಿ, ಅವರಿಗೂ ಟೈಮಿಂಗ್ ಬೇಕಿರುತ್ತೆ. ಸಾಧ್ಯವಾದರೆ ನಿಮಗೆ ಬಂದ ಮೊದಲ ಟೈಮಿಂಗ್ ಮತ್ತು ನಿಮ್ಮದು ಪಕ್ಕಪಕ್ಕ ತೋರಿಸಿ. ಬ್ಲೆಂಡರ್‌ನವರ ‘ಬಿಗ್ ಬಕ್ ಬನ್ನಿ’ (2008), ‘ಸಿಂಟೆಲ್’ (2010) ಮುಕ್ತ ಪರವಾನಗಿಯಲ್ಲಿವೆ, ಹೆಸರು ಸೂಚಿಸಿ ಬಳಸಬಹುದು. ಅವುಗಳ ಒಂದು ದೃಶ್ಯವನ್ನು ಮೂರನೇ ಒಂದು ಭಾಗ ಚಿಕ್ಕದು ಮಾಡಿ ನೋಡಿ, ರಾಣಿಯವರು ಹೇಳಿದ ಕೈಚಳಕಗಳೆಲ್ಲ ಬೇಕಾಗುತ್ತವೆ. ಪ್ರಸಾರ ಆಗದ ಸರಣಿಯ ಒಂದು ಫ್ರೇಮೂ ರೀಲಿನಲ್ಲಿ ಬೇಡ, ಪಾಸ್‌ವರ್ಡ್ ಹಾಕಿದ್ದರೂ ಬೇಡ.

ಸಾಫ್ಟ್‌ವೇರ್ ಬೇಡ ಅಂದಿದ್ದೀರಿ, ಆದರೂ ಒಂದೇ ಸಾಲು: ಹಲವರು ಒಂದೇ ಪ್ರಾಜೆಕ್ಟಿನಲ್ಲಿ ಕೂರುವ ದೊಡ್ಡ ಸರಣಿಗಳಲ್ಲಿ ಬಿನ್ ಲಾಕ್ (ಒಬ್ಬರು ತೆರೆದ ಫೋಲ್ಡರನ್ನು ಇನ್ನೊಬ್ಬರು ಬದಲಾಯಿಸದ ಹಾಗೆ ತಡೆ) ಇರುವ ಕಾರಣಕ್ಕೆ ಆವಿಡ್ ಹೆಚ್ಚು, ಚಿಕ್ಕ ತಂಡಗಳಲ್ಲಿ ಪ್ರೀಮಿಯರ್.

ನೆರಳುಬೆಳಕು
ಇಲ್ಲಿ ಹೇಳಿದ ಕ್ರಮ ಎಲ್ಲ ಕಡೆ ಒಂದೇ ಅಲ್ಲ. ಜಪಾನಿನ ಟಿವಿ ಅನಿಮೆಯಲ್ಲಿ ನಿರ್ದೇಶಕರ ‘ಎಕೊಂಟೆ’ ಬೋರ್ಡಿನಲ್ಲೇ ಪ್ರತಿ ಕಟ್ಟಿಗೂ ಸೆಕೆಂಡ್, ಫ್ರೇಮ್ ಬರೆದಿರುತ್ತೆ. ಧ್ವನಿಮುದ್ರಣ ಸಾಮಾನ್ಯವಾಗಿ ಎಡಿಟ್ ಆದ ಮೇಲೆ, ಚಿತ್ರ ನೋಡಿಕೊಂಡು. ಅಲ್ಲಿ ಎಡಿಟರ್ ಬರುವುದು ತಡವಾಗಿ, ಎಷ್ಟೋ ಸಲ ಚಿತ್ರ ಅರೆಬರೆ ಇರುವಾಗ. ಅಂಥ ಕೆಲಸಕ್ಕೆ ಅರ್ಜಿ ಹಾಕುವವರು ಡೈಲಾಗ್ ಅಸೆಂಬ್ಲಿಯ ರೀಲ್ ಕಳಿಸಿ ಪ್ರಯೋಜನ ಕಮ್ಮಿ.

ಕತ್ತರಿಕೈ
ಕೊನೆಯದೊಂದು. ಸೌಂಡ್‌ಗೆ ಏನೇನು ಕೊಡಬೇಕು? ಮಿಕ್ಸ್ ವಾಪಸ್ ಬಂದಾಗ ಸಿಂಕ್ ತಪ್ಪಿದ್ದರೆ ಹುಡುಕುವುದು ಹೇಗೆ?

ಟೈಮ್‌ಕೋಡ್ ತಾತ
ಬರ್ನ್ ಇರುವ ವಿಡಿಯೋ, ಅದೇ ಉದ್ದದ ಎಎಎಫ್, ಎರಡು ಬದಿಗೂ ಆಡಿಯೋ ಹ್ಯಾಂಡಲ್ (ಕಟ್ಟಿನ ಆಚೀಚಿನ ಹೆಚ್ಚುವರಿ ಶಬ್ದ) ಸಮೇತ. ಪಾತ್ರಕ್ಕೊಂದು ಟ್ರ್ಯಾಕ್, ಎಫೆಕ್ಟ್ ಬೇರೆ, ಸಂಗೀತ ಬೇರೆ. ಕಾರ್ಯಕ್ರಮ 01:00:00:00ಕ್ಕೆ ಶುರುವಾದರೆ 00:59:58:00ರಲ್ಲಿ ಒಂದೇ ಫ್ರೇಮಿನ 1 ಕಿಲೋಹರ್ಟ್ಸ್ ಬೀಪ್, ಕೊನೆಯ ಫ್ರೇಮ್ ಆದ ಎರಡು ಸೆಕೆಂಡಿಗೆ ಇನ್ನೊಂದು. ಪಾತ್ರದ ನರಳಾಟ, ಏದುಸಿರು ಎಫೆಕ್ಟ್ ಟ್ರ್ಯಾಕಿಗೆ ಸೇರದಿರಲಿ. ಸೇರಿದರೆ ಬೇರೆ ಭಾಷೆಗೆ ಡಬ್ ಮಾಡುವಾಗ ಮಾತಿನಲ್ಲಿ ಒಂದು ಗಂಟಲು, ನರಳುವಾಗ ಇನ್ನೊಂದು.

ಮಿಕ್ಸ್ ಬಂದಾಗ ಮೊದಲು ಎರಡೂ ಬೀಪ್ ನೋಡಿ. ಮೊದಲಿನದು ಸರಿ ಇದ್ದು ಕೊನೆಯದು ಒಂದು ಫ್ರೇಮ್ ತಪ್ಪಿದ್ದರೆ ಲಾಕ್ ಆದ ಮೇಲೆ ಯಾರೋ ಎಲ್ಲೋ ಒಂದು ಫ್ರೇಮ್ ಕದ್ದಿದ್ದಾರೆ ಅಥವಾ ಸೇರಿಸಿದ್ದಾರೆ. ಮಿಕ್ಸ್‌ನ ಡೈಲಾಗ್ ಸ್ಟೆಮ್ಮನ್ನು (ಬರೀ ಮಾತಿನ ಟ್ರ್ಯಾಕ್) ಎಡಿಟಿನ ಡೈಲಾಗ್ ಕೆಳಗೆ ಇಟ್ಟು ಟೈಮ್‌ಲೈನಿನ ನಡುಮಧ್ಯದಲ್ಲಿ ಅಲೆ ಹೊಂದುತ್ತಾ ನೋಡಿ. ಹೊಂದಿದರೆ ತಪ್ಪು ಎರಡನೇ ಅರ್ಧದಲ್ಲಿ, ಇಲ್ಲದಿದ್ದರೆ ಮೊದಲನೆಯದರಲ್ಲಿ. ಆ ಅರ್ಧವನ್ನು ಮತ್ತೆ ಅರ್ಧ ಮಾಡಿ. 350 ಸೀನ್ ಇದ್ದರೂ ಒಂಬತ್ತು ಸಲಕ್ಕೆ ಯಾವ ಸೀನ್ ಅಂತ ಸಿಕ್ಕಿಬಿಡುತ್ತೆ.

ರೀಟೇಕ್ ರಾಣಿ
ಸಿಕ್ಕಿದ ಸೀನ್ ಬಹುಪಾಲು ಕೊನೇ ಗಳಿಗೆಯಲ್ಲಿ ಬಂದ ರೀಟೇಕ್ ಆಗಿರುತ್ತೆ. ಓವರ್‌ರೈಟ್ ಬದಲು ಸ್ಪ್ಲೈಸ್ ಆಗಿ, ಹೆಚ್ಚಾದದ್ದನ್ನು ಕೈಯಲ್ಲಿ ಕತ್ತರಿಸುವಾಗ ಒಂದು ಫ್ರೇಮ್ ಉಳಿದಿರುತ್ತೆ. ಹಾಗಾಗಿ ಹುಡುಕುವುದನ್ನು ಲಾಕ್ ದಿನಾಂಕದ ನಂತರ ಬಂದ ಕ್ಲಿಪ್‌ಗಳಿಂದಲೇ ಶುರು ಮಾಡಿ, ಒಂಬತ್ತು ಸಲವೂ ಬೇಕಾಗುವುದಿಲ್ಲ.